ಶುಕ್ರವಾರದ ಕೀಲಿ

ಪಕ್ಕದ ಮನೆಯಲ್ಲಿ ಒಗ್ಗರಣೆಗೆ ಒಣಮೆಣಸಿನಕಾಯಿ ಬಿದ್ದು ಘಾಟು ಎದ್ದರೆ ಇವತ್ತಿಗೂ ನನ್ನ ಬಲಗೈ ತಾನಾಗಿಯೇ ಬ್ಯಾಗಿನ ಕಡೆ ಹೋಗುತ್ತದೆ. ಬ್ಯಾಗು ಗೂಟಕ್ಕೆ ತೂಗುತ್ತಿರುತ್ತದೆ, ನಾನು ಪರೀಕ್ಷೆಯ ಪೇಪರು ತಿದ್ದುತ್ತ ಕೂತಿರುತ್ತೇನೆ, ಎಲ್ಲಿಯೂ ಬೆಂಕಿ ಇರುವುದಿಲ್ಲ. ಆದರೂ ಕೈ ಹುಡುಕುತ್ತದೆ. ಒಂದು ಸಣ್ಣ ಹಿತ್ತಾಳೆಯ ಕೀಲಿಕೈ. ಅದು ನನ್ನ ಹತ್ತಿರ ಇಲ್ಲದೆ ಎಷ್ಟೋ ಕಾಲವಾಯಿತು.

ಆ ಕೀಲಿಯ ಒಡತಿ ತೀರಿಕೊಂಡರೆಂದು ಹೋದ ತಿಂಗಳು ಫೋನು ಬಂತು. ಅವರ ಕ್ರೈಸ್ತ ಮಠದ ಯಾರೋ ಕಿರಿಯ ಸಿಸ್ಟರು ಮಾಡಿದ್ದರು. ಮಣ್ಣು ಮಾಡಿ ಆಗಿತ್ತು. ‘ನಿಮಗೆ ತಿಳಿಸಲು ಹೇಳಿದ್ದರು, ಅವಸರ ಇಲ್ಲ, ಆಮೇಲೆ ತಿಳಿಸಿದರಾಯಿತು ಎಂದಿದ್ದರು’ ಎಂದಳು ಹುಡುಗಿ. ನನಗೆ ನಗು ಬಂತು. ತಮ್ಮ ಸಾವಿಗೂ ಯಾರೂ ಬಸ್ಸು ಹಿಡಿದು ಓಡಿ ಬರಬಾರದು ಎಂಬುದು ಅವರ ಮಾತೇ ಹೌದು. ನಕ್ಕ ಮೇಲೆ ಫೋನು ಇಟ್ಟು ಬಹಳ ಹೊತ್ತು ಅಲ್ಲಿಯೇ ಕೂತಿದ್ದೆ.

ಅವರ ಹೆಸರು ಬರೆಯುವುದಿಲ್ಲ. ಅವರಿಗೆ ಎರಡು ಹೆಸರಿದ್ದವು. ಹುಟ್ಟಿದಾಗ ಇಟ್ಟದ್ದು ಒಂದು, ಸನ್ಯಾಸಿನಿಯಾದಾಗ ಇಟ್ಟದ್ದು ಇನ್ನೊಂದು. ‘ಎರಡೂ ಬ್ಯಾರೆ ಮಂದಿ ಇಟ್ಟದ್ದು ತಂಗಿ. ಯಾವುದರಿಂದ ಕರದ್ರೂ ಬಾಜೂ ಮನಿಯಾಕೀನ ಕರದಂಗ ಅನಸತೈತಿ’ ಅನ್ನುತ್ತಿದ್ದರು. ಬ್ಯಾಡಗಿಯಲ್ಲಿ ಎಲ್ಲರಿಗೂ ಅವರು ಸಿಸ್ಟರು. ನನಗೂ ಅಷ್ಟೇ.

ನಾನು ಆಗ ಹಾವೇರಿಯ ಒಂದು ಖಾಸಗಿ ಕಾಲೇಜಿನಲ್ಲಿ ಪಾಠ ಹೇಳುತ್ತಿದ್ದೆ. ಹಾವೇರಿಯಲ್ಲಿ ಒಂಟಿ ಹೆಣ್ಣುಮಗಳಿಗೆ ಖೋಲಿ ಕೊಡುವವರು ಸಿಗಲಿಲ್ಲ. ಬ್ಯಾಡಗಿಯಲ್ಲಿ ನಮ್ಮ ಸೋದರಮಾವನಿಗೆ ಪರಿಚಯದ ಒಬ್ಬ ಮೆಣಸಿನಕಾಯಿ ದಲಾಲಿ ಸಾಹುಕಾರರು ತಮ್ಮ ಗೋಡೌನಿನ ಹಿಂದಿನ ಸಾಲಿನಲ್ಲಿ ಒಂದು ಖೋಲಿ ಕೊಟ್ಟರು. ಸಾಲಿನಲ್ಲಿ ಇದ್ದದ್ದೇ ಎರಡು ಖೋಲಿ. ಎರಡರ ಮುಂದೆ ಒಂದೇ ಕಟ್ಟೆ. ಪಕ್ಕದ್ದರಲ್ಲಿ ನನಗಿಂತ ಎರಡು ತಿಂಗಳು ಮೊದಲೇ ಸಿಸ್ಟರು ಬಂದಿದ್ದರು.

ಬೂದು ಬಣ್ಣದ ಹತ್ತಿಯ ಸೀರೆ, ಕೊರಳಲ್ಲಿ ದಾರಕ್ಕೆ ಕಟ್ಟಿದ ಕಟ್ಟಿಗೆಯ ಶಿಲುಬೆ, ಕಾಲಲ್ಲಿ ಹವಾಯಿ ಚಪ್ಪಲಿ. ಅರವತ್ತರ ಹತ್ತಿರದ ವಯಸ್ಸು. ಮೊದಲ ದಿನ ನಾನು ಶುದ್ಧ ಪುಸ್ತಕದ ಕನ್ನಡದಲ್ಲಿ, ಸ್ವಲ್ಪ ನಿಧಾನವಾಗಿ, ‘ತಾವು ಕೇರಳದವರೇ?’ ಎಂದು ಕೇಳಿದೆ.

‘ಯಾಕವಾ, ನನ್ನ ಮಾರಿ ಮ್ಯಾಲೆ ತೆಂಗಿನಗಿಡ ಕಾಣತೈತೇನು? ರಾಣೇಬೆನ್ನೂರ ಆಚೀಕ ಹೊಳೀ ದಂಡಿ ಮ್ಯಾಲಿನ ಊರಾಕಿ ನಾ. ನಮ್ಮಜ್ಜನ ಕಾಲಕ್ಕ ದೇವರು ಬದಲಾದ. ಮಾತು ಬದಲಾಗಲಿಲ್ಲ.’

ಅವರು ಯಾವುದೋ ದೊಡ್ಡ ಸಂಸ್ಥೆಯ ಸಿಸ್ಟರು. ಮೂವತ್ತು ವರ್ಷ ಆಸ್ಪತ್ರೆ, ಶಾಲೆ, ಹಾಸ್ಟೆಲು ಎಂದು ದುಡಿದಿದ್ದರು. ಆಮೇಲೆ ಒಂದು ದಿನ, ಇನ್ನು ತಾನು ಒಬ್ಬಳೇ ಇರಬೇಕು, ಪ್ರಾರ್ಥನೆಯಲ್ಲಿ ಮಾತ್ರ ಇರಬೇಕು, ಹೊಟ್ಟೆಗೆ ಕೂಲಿ ಮಾಡಿಕೊಳ್ಳುತ್ತೇನೆ ಎಂದು ಕೇಳಿಕೊಂಡರಂತೆ. ಹಿರಿಯರಿಗೆ ಇದು ಸರಿಬರಲಿಲ್ಲ. ಕೇಳಿ ಕೇಳಿ ಕೊನೆಗೆ ಒಂದು ವರ್ಷದ ಮಟ್ಟಿಗೆ ಅನುಮತಿ ಸಿಕ್ಕಿತ್ತು. ವರ್ಷ ತುಂಬುವ ಮೊದಲು, ಈಸ್ಟರ್ ಹಬ್ಬದ ಸುಮಾರಿಗೆ, ಅವರ ಸಂಸ್ಥೆಯ ಮುಖ್ಯಸ್ಥೆ ಮದರ್ ಬಂದು ನೋಡಿ, ಇರಬೇಕೋ ಬಿಡಬೇಕೋ ಹೇಳುವವರಿದ್ದರು. ಆ ಒಂದು ಖೋಲಿ ಉಳಿಯಬೇಕು ಎಂಬುದನ್ನು ಬಿಟ್ಟು ಸಿಸ್ಟರಿಗೆ ಈ ಲೋಕದಲ್ಲಿ ಬೇರೆ ಆಸೆ ಇದ್ದದ್ದನ್ನು ನಾನು ಕಾಣಲಿಲ್ಲ. ಅದು ಮಾತ್ರ ಇತ್ತು, ಮಕ್ಕಳಿಗೆ ಇರುವ ಹಾಗೆ ಇತ್ತು. ಗೋಡೆಗೆ ತಾವೇ ಸುಣ್ಣ ಹಚ್ಚಿ, ಆಗಾಗ ಹೊರಗೆ ನಿಂತು ಒಳಗೆ ನೋಡುತ್ತಿದ್ದರು.

ಕೂಲಿ ಎಂದರೆ ಸಾಹುಕಾರರ ಗೋಡೌನಿನಲ್ಲಿ ಹೆಂಗಸರ ಜೊತೆ ಕೂತು ಮೆಣಸಿನಕಾಯಿ ತೊಟ್ಟು ಬಿಡಿಸುವುದು. ಅವರಿಗೆ ಅದನ್ನು ಕಲಿಸಿದವಳು ಫಕೀರವ್ವ, ಆ ಹೆಂಗಸರ ಗುಂಪಿನ ದೊಡ್ಡ ಬಾಯಿ. ಮೊದಲ ಪಾಠ ತೊಟ್ಟಿನದಲ್ಲ, ಕಣ್ಣಿನದು. ‘ಸಿಸ್ಟರ್ರ, ಗಂಡ ಸತ್ತ ಸುದ್ದಿ ಬಂದ್ರೂ ಕೈಲೆ ಕಣ್ಣ ಮುಟ್ಟಬಾರದು. ರಟ್ಟೀಲೆ ಒರಸಬೇಕು.’ ‘ನನಗ ಆ ಕಾಟ ಇಲ್ಲಲ್ಲ’ ಎಂದು ಸಿಸ್ಟರು ಹೇಳಿ, ಹೆಂಗಸರೆಲ್ಲ ಮೆಣಸಿನಕಾಯಿ ರಾಶಿಯ ಮೇಲೆ ಬಿದ್ದು ನಕ್ಕಿದ್ದರು. ಅಂದಿನಿಂದ ಸಿಸ್ಟರೂ ಬೆವರು ಬಂದರೆ, ಸೀನು ಬಂದರೆ, ಮೊಣಕೈ ಎತ್ತಿ ರಟ್ಟೆಯಿಂದಲೇ ಮುಖ ಒರೆಸುತ್ತಿದ್ದರು. ರೆಕ್ಕೆ ಎತ್ತಿದ ಕೋಳಿಯ ಹಾಗೆ ಕಾಣುತ್ತಿದ್ದರು. ಪ್ರಾರ್ಥನೆಗೆ ಕೂತಾಗಲೂ ಹಾಗೆಯೇ. ಸಂಜೆ ಒಂದು ಬಟ್ಟಲಲ್ಲಿ ಮಜ್ಜಿಗೆ ಹಾಕಿಕೊಂಡು ಉರಿಯುವ ಬೆರಳು ಅದ್ದಿ ಕಟ್ಟೆಯ ಮೇಲೆ ಕೂರುತ್ತಿದ್ದರು. ಅವರ ಅಡುಗೆಯಲ್ಲಿ ಮಾತ್ರ ಖಾರ ಇರುತ್ತಿರಲಿಲ್ಲ. ‘ಕೈಯಾಗ ಇಷ್ಟ ಐತಲ್ಲ. ಬಾಯಾಗೂ ಯಾಕ ಬೇಕು?’

ಆ ಮಜ್ಜಿಗೆಯ ಹೊತ್ತಿನಲ್ಲಿಯೇ ಅವರು ನನಗೆ ಹಳೆಯ ಕಾಲದ ಕೆಲವು ಹೆಂಗಸರ ಕಥೆ ಹೇಳಿದ್ದು. ನೂರಾರು ವರ್ಷಗಳ ಹಿಂದೆ ಯುರೋಪಿನ ಊರುಗಳಲ್ಲಿ ಚರ್ಚಿನ ಗೋಡೆಗೆ ಅಂಟಿಸಿ ಒಂದು ಖೋಲಿ ಕಟ್ಟುತ್ತಿದ್ದರಂತೆ. ದೇವರಿಗಾಗಿ ಹಂಬಲಿಸುವ ಹೆಣ್ಣುಮಗಳೊಬ್ಬಳು ಅದರೊಳಗೆ ಹೋಗುವಳು. ಹೋಗುವ ದಿನ ಪಾದ್ರಿಗಳು ಸತ್ತವರಿಗೆ ಓದುವ ಪ್ರಾರ್ಥನೆಯನ್ನು ಅವಳಿಗೆ ಓದುವರು. ಆಮೇಲೆ ಬಾಗಿಲು ಮುಚ್ಚುವರು. ಮತ್ತೆ ಅವಳು ಹೊರಗೆ ಬರುವಂತಿಲ್ಲ. ಖೋಲಿಗೆ ಮೂರು ಕಿಟಕಿ. ಒಂದು ಚರ್ಚಿನ ಒಳಗೆ ನೋಡುವುದು, ಒಂದು ಊಟ ಕೊಡುವುದಕ್ಕೆ, ಒಂದು ಬೀದಿಗೆ. ಬೀದಿಯ ಕಿಟಕಿಗೆ ಜನ ಬಂದು ತಮ್ಮ ದುಃಖ ಹೇಳಿಕೊಳ್ಳುವರು. ಅವಳಿಗೆ ಅದೇ ದೊಡ್ಡ ಬಿಡುಗಡೆ ಎಂದರು ಸಿಸ್ಟರು.

‘ಜೀವಂತ ಹುಗದಂಗ ಆತಲ್ರೀ ಇದು. ಇದಕ್ಕ ಬಿಡುಗಡೆ ಅಂತೀರೇನು?’ ಎಂದೆ.

‘ನೀ ಯಾಕ ಹಾವೇರಿ ಬಿಟ್ಟು ಈ ಖಾರದಾಗ ಬಂದು ಕುಂತೀದಿ? ಒಂದು ಖೋಲಿ ಸಿಗಲಿಲ್ಲ ಅಂತ ಹೌದಲ್ಲೋ? ಆ ಕಾಲದಾಗ ಹೆಣ್ಣಮಗಳಿಗೆ ಎಲ್ಲಿತ್ತು ಖೋಲಿ? ಗಂಡನ ಮನಿ, ಇಲ್ಲಂದ್ರ ಮಠ. ಆ ಗೂಡಿನ್ಯಾಗ ಹೊಕ್ಕಾಕೀನ ಯಾರೂ ಏಳು ಅನ್ನಂಗಿಲ್ಲ, ಕುಂದ್ರು ಅನ್ನಂಗಿಲ್ಲ, ಅಡಗಿ ಆತೇನು ಅಂತ ಕೇಳಂಗಿಲ್ಲ. ಬಿಷಪ್ಪರು ಬಂದ್ರೂ ಕಿಟಕಿ ಹೊರಾಗ ನಿಂದರಬೇಕು.’

ಸ್ವಲ್ಪ ಹೊತ್ತು ಮಜ್ಜಿಗೆಯಲ್ಲಿ ಬೆರಳಾಡಿಸಿ, ‘ಅಂಥಾ ಗೂಡಿನ್ಯಾಗ ಕುಂತು ಕೆಲವರು ದೇವರನ್ನ ಕಂಡರು. ಗಂಡನ್ನ ಕಂಡಂಗ, ತಾಯಿನ್ನ ಕಂಡಂಗ. ಅವನಾಗ ಕರಗಿ ಹ್ವಾದರು’ ಎಂದರು. ‘ನನಗ ಒಂದ ಕಿಟಕಿ. ಅದೂ ಸಾಹುಕಾರರ ಗೋಡೌನಿನ ಗ್ವಾಡಿ ನೋಡತೈತಿ. ಅವಗ ಬರೂದಿದ್ರ ಆ ಗ್ವಾಡಿ ದಾಟಿ ಬರಲಿ.’

‘ಬಂದಾನೇನ್ರಿ?’

‘ಇಲ್ಲ.’ ಬೆಲೆ ಕೇಳಿದವರಿಗೆ ಹೇಳುವಷ್ಟು ಸರಳವಾಗಿ ಹೇಳಿದರು. ‘ಹುಡುಗಿದ್ದಾಗ ಒಮ್ಮೆ ಬಂದಂಗಾಗಿತ್ತು. ಆಮ್ಯಾಲೆ ಇಲ್ಲ. ಮೊದಲ ದೊಡ್ಡ ದೊಡ್ಡ ಪ್ರಾರ್ಥನಿ ಮಾಡತಿದ್ದೆ. ಈಗ ಬರೇ ಬಾ ಅಂತೀನಿ. ಬ್ಯಾರೆ ಮಾತು ಎಲ್ಲಾ ಖರ್ಚಾದವು.’

ಇಂಥ ಮಾತನ್ನು ಅವರು ದುಃಖದಿಂದ ಹೇಳುತ್ತಿರಲಿಲ್ಲ. ಆದರೆ ಗೋಡೆಯಾಚೆಯಿಂದ ಬೆಳಗಿನ ಜಾವ ಅವರ ಧ್ವನಿ ಒಮ್ಮೊಮ್ಮೆ ಕೇಳುತ್ತಿತ್ತು. ‘ಬಾ.’ ಬಹಳ ಹೊತ್ತಿನ ಮೇಲೆ ಮತ್ತೆ, ‘ಬಾ.’ ಉತ್ತರ ಬಾರದ ಮನೆಯ ಮುಂದೆ ನಿಂತವರು ಕರೆಯುವ ಹಾಗೆ. ನಾನು ಹೊದಿಕೆ ತಲೆಯ ಮೇಲೆಳೆದುಕೊಳ್ಳುತ್ತಿದ್ದೆ. ನನ್ನನ್ನೂ ಆಗ ಯಾರೂ ಕರೆಯುತ್ತಿರಲಿಲ್ಲ, ನಾನೂ ಯಾರನ್ನೂ ಕರೆಯುತ್ತಿರಲಿಲ್ಲ.

ಒಬ್ಬರೇ ಇರಲು ಬಂದವರನ್ನು ಊರು ಒಬ್ಬರೇ ಇರಲು ಬಿಡಲಿಲ್ಲ. ಮಗುವಿಗೆ ಜ್ವರ, ಸೊಸೆಗೆ ಮೈಮೇಲೆ ಬರುವುದು, ಗಂಡ ಕುಡಿಯುವುದು, ಎಲ್ಲವೂ ಅವರ ಕಟ್ಟೆಗೆ ಬಂತು. ಕಾಗಿನೆಲೆ ಬಸ್ಸು ಇಳಿದು ದಾರಿ ಕೇಳಿಕೊಂಡು ಬರುವವರೂ ಶುರುವಾದರು. ಸಿಸ್ಟರು ಯಾರಿಗೂ ಇಲ್ಲ ಅನ್ನಲಾರರು. ಜ್ವರಕ್ಕೆ ಸರ್ಕಾರಿ ದವಾಖಾನೆಗೆ ಹೋಗಲು ಹೇಳುವರು, ಉಳಿದದ್ದನ್ನು ಕೂತು ಕೇಳುವರು. ಒಂದು ಗುರುವಾರ ಸಂಜೆ ನನ್ನ ಖೋಲಿಗೆ ಬಂದು ಒಂದು ಹಿತ್ತಾಳೆ ಕೀಲಿ, ಕೀಲಿಕೈ ಎರಡನ್ನೂ ನನ್ನ ಮುಂದಿಟ್ಟರು.

‘ನಾಳೆ ಕಾಲೇಜಿಗೆ ಹೋಗುಮುಂದ ನನ್ನ ಬಾಗಲಕ್ಕ ಹೊರಗಿಂದ ಕೀಲಿ ಹಾಕಿ ಹೋಗು. ಸಂಜೀಕ ಬಂದು ತಗಿ. ಶುಕ್ರವಾರ ಒಂದ ದಿನ ನಾ ಮಾತ ಬಿಡತೇನಿ. ಬಾಗಲಾ ಬರೇ ಮುಚ್ಚಿದ್ರ ಬಡೀತಾರ. ಬಡದ್ರ ನಾ ಏಳತೇನಿ. ಕೀಲಿ ಕಂಡ್ರ ಹೊಳ್ಳಿ ಹೋಗತಾರ.’

‘ಮಂದಿ ಕೇಳಿದ್ರ?’

‘ಸುಳ್ಳ ಹೇಳಬ್ಯಾಡ. ಕೀಲಿ ಹಾಕೈತಿ ಅನ್ನು. ಹಾಕೇ ಇರತೈತೆಲ್ಲ.’

ಒಳಗೇ ಬಚ್ಚಲು ಇತ್ತು, ನೀರಿನ ಕೊಡ ಇತ್ತು. ನಾನು ಒಪ್ಪಿಕೊಂಡೆ. ಯಾರೂ ನನ್ನನ್ನು ಏನೂ ಕೇಳಲಿಲ್ಲ. ಶುಕ್ರವಾರ ಯೇಸುವಿನ ದಿನ, ಅದಕ್ಕೇ ಸಿಸ್ಟರು ರಾಣೇಬೆನ್ನೂರಿನ ಚರ್ಚಿಗೆ ಹೋಗುತ್ತಾರೆ ಎಂದು ಊರು ತಾನೇ ತೀರ್ಮಾನಿಸಿಕೊಂಡಿತು. ಕೀಲಿ ಹಾಕಿ ಎಳೆದು ನೋಡಿ ಹೊರಡುವಾಗ ಒಳಗಿನಿಂದ ಒಂದು ಸಣ್ಣ ಕೆಮ್ಮು ಬರುತ್ತಿತ್ತು, ಹೋಗಿ ಬಾ ಎನ್ನುವ ಹಾಗೆ. ಸಂಜೆ ತೆಗೆದಾಗ ಅವರ ಮುಖ ಊರಿಗೆ ಹೋಗಿ ಬಂದವರ ಮುಖದಂತಿರುತ್ತಿತ್ತು, ಸ್ವಲ್ಪ ದಣಿವು, ಸ್ವಲ್ಪ ಬೆಳಕು.

ಹೀಗೆ ಕೆಲವು ವಾರ ನಡೆದ ಮೇಲೆ ಒಂದು ಶುಕ್ರವಾರ ಕಾಲೇಜಿನ ಆಡಳಿತ ಮಂಡಳಿಯ ಹಿರಿಯರೊಬ್ಬರು ತೀರಿಕೊಂಡು ಮಧ್ಯಾಹ್ನವೇ ರಜೆ ಕೊಟ್ಟರು. ಇದನ್ನು ನಾನು ಎಷ್ಟು ಸಲ ಯೋಚಿಸಿದ್ದೇನೋ ಲೆಕ್ಕವಿಲ್ಲ. ಆ ಹಿರಿಯರನ್ನು ನಾನು ನೋಡಿದ್ದೇ ಇಲ್ಲ. ಅವರು ಒಂದು ದಿನ ತಡೆದಿದ್ದರೆ? ಹಾವೇರಿ ಬಸ್ ಸ್ಟ್ಯಾಂಡಿನಲ್ಲಿ ಗೆಳತಿ ಚಹಾ ಕುಡಿದು ಹೋಗೋಣ ಎಂದಳು. ಬಸ್ಸು ಹೊರಟಿತ್ತು, ಓಡಿ ಹತ್ತಿದೆ. ಚಹಾ ಕುಡಿದಿದ್ದರೆ?

ಬ್ಯಾಡಗಿಯಲ್ಲಿ ಇಳಿದಾಗ ಇಡೀ ಸ್ಟ್ಯಾಂಡು ಕೆಮ್ಮುತ್ತಿತ್ತು. ಗಂಡಸರು ಟವೆಲಿನಿಂದ, ಹೆಂಗಸರು ಸೆರಗಿನಿಂದ ಮೂಗು ಮುಚ್ಚಿಕೊಂಡಿದ್ದರು. ನಾಯಿಗಳು ಸೀನುತ್ತ ಓಡುತ್ತಿದ್ದವು. ಮೆಣಸಿನಕಾಯಿ ಸುಟ್ಟ ಹೊಗೆ ಬೇರೆ ಹೊಗೆಯಂತಲ್ಲ. ಅದು ಎದೆಯೊಳಗೆ ಕೈ ಹಾಕಿ ಉಸಿರನ್ನು ಹಿಡಿದುಕೊಳ್ಳುತ್ತದೆ. ಸಾಹುಕಾರರ ಗೋಡೌನಿನ ವೈರು ಸುಟ್ಟು ಚೀಲಗಳಿಗೆ ಬೆಂಕಿ ಹತ್ತಿತ್ತು. ನಾನು ಚಹಾದಂಗಡಿಯ ನೀರಿನ ಪೀಪಾಯಿಯಲ್ಲಿ ಸೆರಗು ಅದ್ದಿ ಮುಖಕ್ಕೆ ಸುತ್ತಿಕೊಂಡು ಓಡಿದೆ.

ನಮ್ಮ ಸಾಲಿನ ಬಾಯಿಗೆ ಜನ ನಿಂತಿದ್ದರು. ಕೂಗು, ಬಕೆಟ್ಟುಗಳ ಸದ್ದು, ಅಗ್ನಿಶಾಮಕದವರ ಗಂಟೆ. ಫಕೀರವ್ವ ಎಲ್ಲರಿಗಿಂತ ಮುಂದೆ, ನಮ್ಮ ಕಟ್ಟೆಗೆ ಹತ್ತಿರ ಇದ್ದಳು. ಸಾಹುಕಾರರು ನನ್ನ ರಟ್ಟೆ ಹಿಡಿದರು.

‘ಏ ತಂಗಿ, ಹುಚ್ಚ ಹಿಡದೈತೇನು? ಎಲ್ಲಿ ಹೊಂಟಿ?’

‘ಸಿಸ್ಟರ್ ಒಳಗದಾರ್ರೀ!’

‘ಯಾರಿಲ್ಲ. ಕೀಲಿ ಹಾಕೈತಿ, ನಾನ ನೋಡೇನಿ. ಶುಕ್ರವಾರ ಅಲ್ಲೇನ ಇವತ್ತು, ರಾಣೇಬೆನ್ನೂರಿಗೆ ಹೋಗ್ಯಾರ.’

‘ಕೀಲಿ ನಾನ ಹಾಕೇನ್ರೀ! ಹೊರಗಿಂದ ನಾನ ಹಾಕೇನಿ!’

ಅವರ ಕೈ ಸಡಿಲವಾಯಿತು. ಆ ಮುಖ ಇವತ್ತಿಗೂ ಕಾಣುತ್ತದೆ. ಅವರ ಕಣ್ಣು ಮೊದಲು ನನ್ನ ಮೇಲೆ, ಆಮೇಲೆ ಬಾಗಿಲಿನ ಮೇಲೆ ಹೋಯಿತು. ಆಮೇಲೆ ಅವರೂ ನನ್ನ ಹಿಂದೆಯೇ ಓಡಿ ಬಂದರು.

ಕೀಲಿಕೈ ಬ್ಯಾಗಿನಲ್ಲಿ ಸಿಗಲಿಲ್ಲ. ಪೆನ್ನು, ಬಾಚಣಿಗೆ, ಸೀಮೆಸುಣ್ಣದ ತುಂಡು, ಬಸ್ಸಿನ ಚೀಟಿ. ಕಣ್ಣು ಬಿಡಲು ಆಗುತ್ತಿರಲಿಲ್ಲ. ಬ್ಯಾಗನ್ನು ಕಟ್ಟೆಯ ಮೇಲೆ ಸುರಿದೆ. ಸಾಹುಕಾರರು ಕೀಲಿ ಒಡೆಯಲು ಕಲ್ಲು ಹುಡುಕುತ್ತಿದ್ದರು. ಕೀಲಿಕೈ ಸಿಕ್ಕಿತು. ಕೀಲಿಯ ತೂತಿಗೆ ಅದು ಮೊದಲು ಹೋಗಲಿಲ್ಲ. ಹೋಯಿತು. ಬಾಗಿಲು ತಳ್ಳಿದರೆ ಪೂರ್ತಿ ತೆರೆಯಲಿಲ್ಲ. ಏನೋ ಅಡ್ಡ ಇತ್ತು. ಅದು ಸಿಸ್ಟರು. ಹೊಸ್ತಿಲ ಸಂದಿಗೆ ಬಾಯಿ ಹಚ್ಚಿ ಬಿದ್ದಿದ್ದರು.

ಒಂದು ರಟ್ಟೆ ಸಾಹುಕಾರರು, ಒಂದು ರಟ್ಟೆ ನಾನು ಹಿಡಿದು ಎಳೆದು ತಂದೆವು. ಗಾಳಿಗೆ ಬಂದ ಮೇಲೆ ಕಣ್ಣು ತೆರೆದರು. ಎಲ್ಲರೂ ಸುತ್ತ ನೆರೆದು ಮಾತಾಡಿಸಿದರು. ಅವರು ಒಬ್ಬೊಬ್ಬರನ್ನೇ ನೋಡಿದರು, ಒಂದು ಮಾತೂ ಆಡಲಿಲ್ಲ.

ಆ ಮೌನದಿಂದಲೇ ಕಥೆ ಹುಟ್ಟಿತು. ಹೊಗೆಗೆ ಗಂಟಲು ಬಾತು ಧ್ವನಿ ಹೋಗಿತ್ತು, ದವಾಖಾನೆಯ ಡಾಕ್ಟರು ಅದನ್ನೇ ಹೇಳಿದರು. ಆದರೆ ಕೀಲಿ ಯಾಕೆ ಹಾಕಿದ್ದೆ ಎಂದು ಕೇಳಿದವರಿಗೆ ನಾನು ಶುಕ್ರವಾರದ ಮೌನದ ಮಾತು ಹೇಳಿದ್ದೆ, ಊರು ಕೇಳಿಸಿಕೊಂಡದ್ದು ಅದನ್ನೇ. ಸಿಸ್ಟರಮ್ಮನಿಗೆ ಶುಕ್ರವಾರ ಮೌನ. ಖಾರದ ಹೊಗೆ ತುಂಬಿದರೂ ಮೌನ ಮುರಿಯಲಿಲ್ಲ. ದೇವರ ಧ್ಯಾನದಲ್ಲಿ ಕೂತವರು ಕೂತೇ ಇದ್ದರು. ದವಾಖಾನೆಯ ವರಾಂಡದಲ್ಲಿ ಫಕೀರವ್ವ ಎಲ್ಲರಿಗಿಂತ ಗಟ್ಟಿಯಾಗಿ ಹೇಳುತ್ತಿದ್ದಳು. ‘ನಾ ಅಲ್ಲೇ ನಿಂತಿದ್ನೆಲ್ಲ ಬೇ! ಒಂದ ಸಪ್ಪಳ ಬರಲಿಲ್ಲ ಒಳಗಿಂದ. ಒಂದ ಸಪ್ಪಳ! ಮನಷ್ಯಾರ ಕೈಲೆ ಆಗೂ ಮಾತೇನ ಇದು?’ ನನಗೂ ಆ ಕಥೆ ಹಿತವಾಗಿತ್ತು. ಹೊರಗಿನಿಂದ ಕೀಲಿ ಹಾಕಿದವಳು ನಾನು. ಆ ಕೀಲಿಯಿಂದ ಒಂದು ಪವಾಡವಾದರೂ ಸಿಗಲಿ ಎನಿಸಿತ್ತು. ಸಿಸ್ಟರ ಎರಡೂ ಅಂಗೈ ಬಾತು ನೀಲಿಗಟ್ಟಿದ್ದನ್ನು ಕಂಡಿದ್ದೆ. ಬಿದ್ದ ಪೆಟ್ಟು ಎಂದುಕೊಂಡೆ.

ಸಾಹುಕಾರರು ಖೋಲಿಗೆ ಸುಣ್ಣ ಬಳಿಸಿದರು. ಸಿಸ್ಟರು ಹಿಂದಿರುಗಿದರು. ಹಲವು ದಿನಗಳ ಮೇಲೆ, ಮಜ್ಜಿಗೆಯ ಹೊತ್ತಿನಲ್ಲಿ, ಒಡೆದ ಧ್ವನಿಯಲ್ಲಿ ಮೊದಲ ಸಲ ಮಾತಾಡಿದರು.

‘ತಂಗಿ, ನಾ ಚೀರಿದೆ.’

ನಾನು ಅವರ ಹತ್ತಿರ ಸರಿದು ಕೂತೆ.

‘ಕಿಟಕ್ಯಾಗ ಹೊಗಿ ಬಂದಾಗ ಒಂದ ಗಳಿಗಿ ಅದರ ಕಡೆ ನೋಡಿ, ಬಂದ್ಯಾ ಅಂದೆ. ಖರೇ ಹೇಳತೇನಿ, ಖುಷಿ ಆತು. ಗ್ವಾಡಿ ದಾಟಿ ಬರಲಿ ಅಂದಿದ್ನೆಲ್ಲ. ಎರಡನೇ ಉಸರಿಗೆ ಎಲ್ಲಾ ಮರತೆ. ದೇವರ ಹೆಸರ ಸೈತ ಬರಲಿಲ್ಲ ಬಾಯಾಗ. ನಿನ್ನ ಕರದೆ. ಫಕೀರವ್ವನ್ನ ಕರದೆ. ಸಾಹುಕಾರನ್ನ ಕರದೆ. ಸತ್ತ ನಮ್ಮವ್ವನ್ನ ಕರದೆ. ಬಾಗಲಾ ಬಡದೆ, ಬಡದೆ, ಕೈ ಹೋಗೂಮಟಾ ಬಡದೆ.’ ಅಂಗೈ ತಿರುಗಿಸಿ ನೋಡಿಕೊಂಡರು. ಆಮೇಲೆ ನಗತೊಡಗಿದರು, ಕೆಮ್ಮು ಬರುವವರೆಗೆ. ‘ಇಷ್ಟ ವರ್ಷ ಬಾ, ಬಾ ಅಂದಾಕಿ! ಬಂದ ಅಂದಕೂಡ್ಲೆ ಬಾಗಲಾ ಮುರದು ಓಡಾಕ ನಿಂತೆ.’

‘ಬ್ಯಾಸರಾತೇನ್ರಿ ನಿಮಗ?’

‘ಬ್ಯಾಸರಾಗಬೇಕಿತ್ತು. ಮನಸ್ಸ ಹಗರಾತು. ದೊಡ್ಡ ತಪಸ್ವಿ ಅಂತ ಒಳಗ ಒಬ್ಬಾಕಿ ಕುಂತಿದ್ಲು ನೋಡು, ಆಕಿ ಉಸರ ಕಟ್ಟಿ ಸತ್ತಳು. ಚೀರಿದಾಕಿ ಉಳದಾಳ. ಈಕಿ ಜೋಡಿ ದೇವರು ಮಾತಾಡಿದ್ರ ಮಾತಾಡಲಿ, ಬಿಟ್ರ ಬಿಡಲಿ.’

ರಟ್ಟೆ ಎತ್ತಿ ಮುಖ ಒರೆಸಿಕೊಂಡರು. ಬೆವರೋ ಮತ್ತೇನೋ ಗೊತ್ತಾಗಲಿಲ್ಲ. ಆಮೇಲೆ ಧ್ವನಿ ತಗ್ಗಿಸಿ, ‘ಹೊರಾಗಿನ ದನಿ ಎಲ್ಲಾ ಕೇಳತಿತ್ತು ತಂಗಿ. ಫಕೀರವ್ವನ ದನಿ ಇಲ್ಲೇ ಕಟ್ಟಿ ಹತ್ರ ಕೇಳತಿತ್ತು. ನನ್ನ ದನಿ ಆಕೀಗೆ ಮುಟ್ಟಲಿಲ್ಲ. ಅಷ್ಟ ಸನೇ ಇದ್ದು ಮುಟ್ಟಲಿಲ್ಲ’ ಎಂದರು. ‘ಇದನ್ನ ಆಕೀಗೆ ಹೇಳಬ್ಯಾಡ. ಪಾಪ, ಉಣ್ಣೂದ ಬಿಡತಾಳ.’

ಮದರ್ ಬಂದದ್ದು ಅದಾದ ಸ್ವಲ್ಪ ದಿನಕ್ಕೇ. ಮಂಗಳೂರು ಕಡೆಯವರು, ಮೃದು ಮಾತಿನವರು. ಕಥೆ ಅವರನ್ನು ಮೊದಲೇ ಮುಟ್ಟಿತ್ತು. ಖೋಲಿಯೊಳಗೆ ಬಂದು ಆ ಕಿಟಕಿಯ ಮುಂದೆ ನಿಂತು ಶಿಲುಬೆಯ ಗುರುತು ಹಾಕಿಕೊಂಡರು. ನಾನು ಚಹಾ ತಂದಿಟ್ಟು ಹೊರಡುವಾಗ ಸಿಸ್ಟರು ‘ಕುಂದ್ರು’ ಎಂದರು.

‘ನಾನು ಅನುಮಾನದಿಂದ ಅನುಮತಿ ಕೊಟ್ಟಿದ್ದೆ ಸಿಸ್ಟರ್. ಇದು ದೇವರ ಇಚ್ಛೆ ಎಂಬುದರಲ್ಲಿ ಈಗ ನನಗೆ ಅನುಮಾನವಿಲ್ಲ. ನೀವು ಇಲ್ಲಿಯೇ ಇರಿ’ ಎಂದರು ಮದರ್.

ಇಷ್ಟೇ ಬೇಕಾಗಿತ್ತು. ಸಿಸ್ಟರು ಹೂಂ ಎಂದು ತಲೆ ಬಾಗಿಸಿದ್ದರೆ ಸಾಕಿತ್ತು. ನಾನು ಅವರ ಮುಖವನ್ನೇ ನೋಡುತ್ತಿದ್ದೆ. ಅವರು ಖೋಲಿಯನ್ನು ಒಮ್ಮೆ ಸುತ್ತ ನೋಡಿದರು. ಚಾಪೆ, ಕೊಡ, ಗೋಡೆಯ ಶಿಲುಬೆ, ಹೊಸ ಸುಣ್ಣ.

‘ಮದರ್, ಮಂದಿ ಹೇಳಿದ್ದು ಖರೇ ಅಲ್ಲ’ ಎಂದು ಶುರು ಮಾಡಿದರು. ಚೀರಿದ್ದು, ಬಡಿದದ್ದು, ದೇವರ ಹೆಸರು ಬಾಯಿಗೆ ಬಾರದೆ ಹೋದದ್ದು, ಎಲ್ಲ ಹೇಳಿದರು. ಬಾಗಿಲು ಮುಚ್ಚಿದರೆ ಈಗ ಎದೆ ಹೊಡೆದುಕೊಳ್ಳುತ್ತದೆ ಎಂಬುದನ್ನೂ ಬಿಡಲಿಲ್ಲ.

ಮದರ್ ಚಹಾದ ಲೋಟ ಕೆಳಗಿಟ್ಟರು. ‘ಇದನ್ನು ನೀವು ನನಗೆ ಹೇಳಲೇಬೇಕೆಂದಿರಲಿಲ್ಲ.’

‘ಹೇಳದಿದ್ರ ಈ ಖೋಲ್ಯಾಗ ನಾ ಇರಂಗಿಲ್ಲ ಮದರ್. ಆ ಕತಿ ಇರತೈತಿ.’

ಮದರ್ ಕೆಟ್ಟವರಲ್ಲ. ಸಿಸ್ಟರ ಬಾತ ಕೈಯನ್ನು ಹಿಡಿದುಕೊಂಡೇ ಹೇಳಿದರು. ಎದೆ ಸೋತಿದೆ, ವಯಸ್ಸಾಗಿದೆ, ಹೆದರಿಕೆ ಹೊಕ್ಕಿದೆ, ಹೀಗಿರುವಾಗ ಒಬ್ಬರನ್ನೇ ಬಿಟ್ಟು ಹೋಗಲು ತನ್ನಿಂದಾಗದು, ಈಸ್ಟರ್ ಆದ ಮೇಲೆ ಮಠಕ್ಕೆ ಬನ್ನಿ ಎಂದರು. ಸಿಸ್ಟರು ಆಗಲಿ ಎಂದರು. ಜೀಪು ಹೋದ ಮೇಲೆ ಅವರು ಒಳಗೆ ಹೋಗಿ, ಬಾಗಿಲು ತೆರೆದೇ ಇಟ್ಟು, ಗೋಡೆಗೆ ಮುಖ ಮಾಡಿ ಮಲಗಿದರು. ಮಜ್ಜಿಗೆ ಕಟ್ಟೆಯ ಮೇಲೆ ಹಾಗೆಯೇ ಉಳಿಯಿತು.

ಉಳಿದ ಶುಕ್ರವಾರಗಳಲ್ಲಿ ಅವರು ಕೀಲಿ ಹಾಕಿಸಲಿಲ್ಲ. ಬಾಗಿಲು ತೆರೆದಿಟ್ಟು ಮೌನವಾಗಿ ಕೂರುತ್ತಿದ್ದರು. ಜನ ಬಂದು ಇಣುಕಿ, ಕೈಮುಗಿದು ಹೋಗುತ್ತಿದ್ದರು. ಬಾಗಿಲು ಬಡಿಯುವ ಪ್ರಶ್ನೆಯೇ ಇರಲಿಲ್ಲ. ‘ಇಷ್ಟ ಸರಳ ಇತ್ತು ನೋಡು’ ಎಂದು ಒಂದು ಶನಿವಾರ ನನಗೆ ಹೇಳಿದರು. ಬೆಳಗಿನ ಜಾವದ ‘ಬಾ’ ಮಾತ್ರ ಮತ್ತೆ ಕೇಳಲಿಲ್ಲ. ಅದು ನಿಂತದ್ದು ನೆಮ್ಮದಿಗೋ ಅಥವಾ ಧ್ವನಿಯೇ ಉಳಿಯಲಿಲ್ಲವೋ, ನಾನು ಕೇಳಲಿಲ್ಲ. ಹೊರಡುವ ದಿನ ಕೀಲಿ, ಕೀಲಿಕೈ ಎರಡನ್ನೂ ಸಾಹುಕಾರರ ಕೈಗೆ ಕೊಟ್ಟು, ಒಂದು ಬಟ್ಟೆಯ ಚೀಲ ಹಿಡಿದು ಜೀಪು ಹತ್ತಿದರು. ಹಿಂದಿನ ಗಾಜಿನಲ್ಲಿ ಮೊಣಕೈ ಮೇಲೆದ್ದದ್ದು ಕಂಡಿತು. ರಟ್ಟೆಯಿಂದ ಮುಖ ಒರೆಸಿಕೊಳ್ಳುತ್ತಿದ್ದರು.

ಮುಂದೆ ನನಗೆ ಬೇರೆ ಊರಿನಲ್ಲಿ ಕೆಲಸವಾಯಿತು. ಒಮ್ಮೆ ಅವರ ಮಠಕ್ಕೆ ಹೋಗಿದ್ದೆ. ಉದ್ದನೆಯ ಕೋಣೆಯಲ್ಲಿ ಸಾಲು ಮಂಚಗಳ ನಡುವೆ ಅವರದೊಂದು ಮಂಚ. ಸುತ್ತ ಹತ್ತು ಜನ ಮುದುಕಿಯರ ಗೊಣಗಾಟ. ‘ಈಗ ಇದ ನನ್ನ ಗೂಡು. ಕಿಟಕಿ ಭಾಳ ಅದಾವ’ ಎಂದು ನಕ್ಕಿದ್ದರು. ನನ್ನ ಕೈ ಬಹಳ ಹೊತ್ತು ಬಿಡಲಿಲ್ಲ.

ಫೋನು ಬಂದ ವಾರ ಬ್ಯಾಡಗಿಗೆ ಹೋದೆ. ಯಾಕೆಂದು ನನಗೇ ತಿಳಿಯದು. ಹೇಳುವುದಕ್ಕೆ ಅಲ್ಲಿ ಒಬ್ಬರಾದರೂ ಇದ್ದಾರೆ ಎನಿಸಿರಬೇಕು. ಗೋಡೌನು ಹೊಸದಾಗಿತ್ತು. ಸಿಸ್ಟರ ಖೋಲಿಯಲ್ಲಿ ಸಾಹುಕಾರರು ಖಾಲಿ ಚೀಲ ತುಂಬಿ ಬಾಗಿಲು ಹಾಕಿದ್ದರು. ಹೊಸ್ತಿಲಿಗೆ ಅರಿಶಿನ ಕುಂಕುಮ ಹಚ್ಚಿತ್ತು, ಚೆಂಡು ಹೂವಿತ್ತು, ಊದಿನಕಡ್ಡಿಯ ಬೂದಿ ಇತ್ತು.

‘ನಾನ ಹಚ್ಚೂದ್ರಿ, ಶುಕ್ರವಾರಕ್ಕೊಮ್ಮೆ’ ಎಂದಳು ಫಕೀರವ್ವ. ಕೆಲಸದ ನಡುವೆಯೇ ಎದ್ದು ಬಂದಿದ್ದಳು. ಕೈ ಕೆಂಪಗಿತ್ತು. ಸಾವಿನ ಸುದ್ದಿ ಹೇಳಿದೆ. ಅವಳು ಕಟ್ಟೆಯ ಮೇಲೆ ಕುಸಿದು ಕೂತಳು. ಆಮೇಲೆ ಎಂದಿನ ಕಥೆಯನ್ನು ತೆಗೆದಳು. ಹೊಗೆ, ಮೌನ, ಧ್ಯಾನ. ಆದರೆ ‘ಒಂದ ಸಪ್ಪಳ ಬರಲಿಲ್ಲ’ ಎಂಬಲ್ಲಿಗೆ ಬಂದು ನಿಂತಳು.

‘ಟೀಚರ್ರ, ಒಂದ ಮಾತ ಕೇಳ್ಲ್ಯಾ?’

‘ಕೇಳು.’

‘ಬಡದ ಸಪ್ಪಳ ಕೇಳಿತ್ತು ನನಗ.’ ಅವಳು ಬಾಗಿಲನ್ನು ನೋಡುತ್ತಿದ್ದಳು, ನನ್ನನ್ನಲ್ಲ. ‘ಗೋಡೌನಿನ ಜಂತಿ ಬೀಳಾಕತ್ತಾವ ಅಂದಕೊಂಡೆ. ಬಾಗಲಕ್ಕ ಕೀಲಿ ಇತ್ತಲ್ರೀ. ಕೀಲಿ ಇದ್ದ ಮನ್ಯಾಗ ಯಾರ ಇರತಾರ? ನಾ ಇಲ್ಲೇ ನಿಂತಿದ್ದೆ. ಈ ಕಟ್ಟಿ ಹತ್ರಾನ. ಆಮ್ಯಾಲೆ ಸಪ್ಪಳ ನಿಂತ ಹೋತು.’ ಅವಳು ನನ್ನ ಕಡೆ ತಿರುಗಿದಳು. ‘ಅವರು ನಿಮಗ ಹೇಳಿದ್ರೇನ್ರಿ, ಬಡದೆ ಅಂತ?’

ಇಷ್ಟು ವರ್ಷ ಆ ಕಥೆಯನ್ನು ಅವಳು ಯಾಕೆ ಅಷ್ಟು ಗಟ್ಟಿಯಾಗಿ ಹೇಳುತ್ತಿದ್ದಳು ಎಂಬುದು ಆಗ ನನಗೆ ತಿಳಿಯಿತು.

‘ಹೇಳಿದ್ರು’ ಎಂದೆ. ‘ನಿನಗ ಹೇಳಬ್ಯಾಡ ಅಂದಿದ್ರು. ಉಣ್ಣೂದ ಬಿಡತಾಳ ಅಂದ್ರು.’

ಫಕೀರವ್ವ ಮೊಣಕೈ ಎತ್ತಲಿಲ್ಲ. ಊರಿನ ಹೆಂಗಸರಿಗೆಲ್ಲ ಪಾಠ ಹೇಳಿದವಳು, ಖಾರ ಮೆತ್ತಿದ ಎರಡೂ ಅಂಗೈಗಳನ್ನು ಕಣ್ಣಿಗೆ ಗಟ್ಟಿಯಾಗಿ ಒತ್ತಿಕೊಂಡಳು. ನಾನು ಅವಳ ಮಣಿಕಟ್ಟು ಹಿಡಿದು ಎಳೆದೆ. ಅವಳು ಬಿಡಲಿಲ್ಲ.